ಬೆಣೆ, ಹಗ್ಗ, ನಾಲ್ಕು ಗಾಲಿ: ಯಾರ್ಕ್‌ನ ನಾಟಕದ ದಾರಿಯಲ್ಲಿ ಒಂದು ಬೆಳಗು

ಇಂಗ್ಲೆಂಡಿನ ಯಾರ್ಕ್ ಊರಿನಲ್ಲಿ ಹಳೆಯ ಬಂಡಿ ನಾಟಕಗಳ ದಾರಿಯನ್ನು ನಡೆಸಿಕೊಂಡು ತೋರಿಸುವ ಒಂದು ಪ್ರವಾಸಕ್ಕೆ ಕಳೆದ ಜೂನ್‌ನಲ್ಲಿ ಹೋಗಿದ್ದೆ. ನಡೆಸುವವರು ಒಂದು ಸಣ್ಣ ಕಂಪನಿ. ಅವರ ಮೇಲೆ ನನಗೆ ಎರಡು ಮೂರು ತಕರಾರು ಇವೆ, ಅದಕ್ಕೇ ಹೆಸರು ಬರೆಯುವುದಿಲ್ಲ. ಆದರೆ ತೋರಿಸಿದ ವಿಷಯ ತುಂಬಾ ದೊಡ್ಡದು. ಆ ಕಡೆ ಮಕ್ಕಳ ಮನೆಗೆ ಹೋಗುವ ನಮ್ಮವರು ಎಷ್ಟೋ ಜನ ಇದ್ದಾರೆ. ಒಂದು ಬೆಳಗು ಇದಕ್ಕೆ ಎತ್ತಿಡಲಿ ಅಂತ ಬರೆಯುತ್ತಿದ್ದೇನೆ.

ನಾನು ಬಾದಾಮಿ ಸೀಮೆಯವನು. ಮೂವತ್ತು ವರ್ಷ ನಾಟಕ ಕಂಪನಿಗಳಿಗೆ ರಂಗ ಕಟ್ಟಿದ್ದೇನೆ. ಬನಶಂಕರಿ ಜಾತ್ರೆಗೆ ಬಂದವರಿಗೆ ಗೊತ್ತಿರುತ್ತದೆ, ಸಾಲಾಗಿ ಕಂಪನಿಗಳ ಟೆಂಟು ಏಳುತ್ತವೆ. ಗಳ ನೆಡುವುದು, ತಗಡು ಹೊದಿಸುವುದು, ರಂಗದ ಹಲಗೆ ಜೋಡಿಸುವುದು, ಪರದೆ ಏರಿಸುವುದು ನಮ್ಮ ಕೆಲಸ. ಜಾತ್ರೆ ಮುಗಿದ ಮೇಲೆ ಎಲ್ಲ ಕಳಚಿ ಲಾರಿಗೆ ಹೇರುವುದೂ ನಮ್ಮದೇ. ಮಗಳು ಲೀಡ್ಸ್‌ನಲ್ಲಿದ್ದಾಳೆ. ಅಲ್ಲಿಂದ ಯಾರ್ಕ್‌ಗೆ ರೈಲಿನಲ್ಲಿ ಅರ್ಧ ಗಂಟೆಯೂ ಇಲ್ಲ. "ಅಪ್ಪ, ಇದು ನಿಮ್ಮ ಕಸುಬಿನದು" ಅಂತ ಹೇಳಿ ಅವಳೇ ಇಬ್ಬರಿಗೂ ಟಿಕೆಟ್ ಮಾಡಿಸಿದಳು. ತಲೆಗೆ 18 ಪೌಂಡ್. ಎರಡೂವರೆ ಗಂಟೆ ಅಂತ ಬರೆದಿತ್ತು. ಇಂಗ್ಲಿಷ್ ನಾನು ನಿಧಾನಕ್ಕೆ ಓದುತ್ತೇನೆ, ವೇಗದ ಮಾತು ಮಗಳು ಕನ್ನಡದಲ್ಲಿ ಹೇಳುತ್ತಿದ್ದಳು.

ನಡಿಗೆ ಶುರುವಾಗುವುದು ರೈಲು ನಿಲ್ದಾಣದ ಹತ್ತಿರದ ಟಾಫ್ಟ್ ಗ್ರೀನ್ ಎಂಬ ಗಲ್ಲಿಯಲ್ಲಿ. ನೋಡಲು ಅಲ್ಲಿ ಏನೂ ಇಲ್ಲ. ಕಚೇರಿ ಕಟ್ಟಡಗಳ ಬೆನ್ನು ಕಾಣುತ್ತದೆ, ಅಷ್ಟೆ. ಮಾರ್ಗದರ್ಶಿ ಐವತ್ತರ ಆಸುಪಾಸಿನ ಹೆಂಗಸು. "ಬಂಡಿಗಳನ್ನು ಇಡುತ್ತಿದ್ದ ಕೊಟ್ಟಿಗೆಗಳು ಇಲ್ಲಿದ್ದವು" ಎಂದರು. ನಾನು ಅಲ್ಲೇ ನಿಂತುಬಿಟ್ಟೆ. ಬೇರೆಯವರಿಗೆ ಅದು ಸಾಧಾರಣ ಮಾತು ಇರಬಹುದು. ವರ್ಷಕ್ಕೆ ಒಂದು ದಿನ ಆಡುವ ನಾಟಕ, ಉಳಿದ ದಿನವೆಲ್ಲ ಸಾಮಾನನ್ನು ಮಳೆಗೆ, ಇಲಿಗೆ ಸಿಗದಂತೆ ಕಾಪಾಡಬೇಕು. ಆ ಕಷ್ಟ ನನಗೆ ಗೊತ್ತು. ಕೊಟ್ಟಿಗೆಯಿಂದಲೇ ಕಥೆ ಶುರು ಮಾಡಿದ್ದು ಸರಿಯಾದ ಜಾಗ.

ಏನು ಈ ನಾಟಕ ಅಂದರೆ, ಹದಿನಾಲ್ಕನೇ ಶತಮಾನದ ಕೊನೆಯಿಂದ 1569ರವರೆಗೆ ಈ ಊರಿನ ಕಸುಬಿನ ಸಂಘಗಳು ಕಾರ್ಪಸ್ ಕ್ರಿಸ್ಟಿ ಎಂಬ ಕ್ರೈಸ್ತರ ಹಬ್ಬದ ದಿನ ಕಿರುನಾಟಕಗಳನ್ನು ಆಡುತ್ತಿದ್ದವು. ಹಬ್ಬ ಬರುವುದು ಮೇ ಕೊನೆಗೆ, ಇಲ್ಲವೇ ಜೂನ್‌ನಲ್ಲಿ. ಹಗಲು ಉದ್ದ ಇರುವ ಕಾಲ. ಲೋಕ ಹುಟ್ಟಿದ್ದರಿಂದ ಹಿಡಿದು ಕೊನೆಯ ತೀರ್ಪಿನವರೆಗೆ ಬೈಬಲ್ಲಿನ ಕಥೆ. ಐವತ್ತಕ್ಕೆ ಹತ್ತಿರ ತುಂಡುಗಳು, ಒಂದೊಂದೂ ಒಂದೊಂದು ಕಸುಬಿನವರದು. ಒಂದೊಂದು ಬಂಡಿ ಮೇಲೆ ಒಂದೊಂದು ಕಥೆ. ಜನ ತಮ್ಮ ಬೀದಿಯಲ್ಲಿ ನಿಂತಿರುತ್ತಾರೆ, ನಾಟಕ ಒಂದರ ಹಿಂದೆ ಒಂದು ಅವರ ಮುಂದೆ ಬರುತ್ತದೆ. ನಿಲ್ಲುವ ಕಟ್ಟೆಗಳು ಸುಮಾರು ಹನ್ನೆರಡು. ಆಡಿದ ನಾಟಕವನ್ನೇ ಮುಂದಿನ ಕಟ್ಟೆಯಲ್ಲಿ ಮತ್ತೆ ಆಡಬೇಕು, ಅಂದರೆ ಒಂದೇ ದಿನ ಹನ್ನೆರಡು ಸಲ.

ಇವನ್ನು ಮಿಸ್ಟರಿ ನಾಟಕ ಅನ್ನುತ್ತಾರೆ. ಪತ್ತೇದಾರಿ ಕಥೆ ಅಂತ ನಾನು ಮೊದಲು ತಿಳಿದಿದ್ದೆ. ಆ ಪದಕ್ಕೆ ಕಸುಬು ಎಂಬ ಹಳೆಯ ಅರ್ಥವೂ ಇತ್ತಂತೆ.

1415ರಲ್ಲಿ ಊರಿನ ಗುಮಾಸ್ತ ರೋಜರ್ ಬರ್ಟನ್ ಯಾವ ಸಂಘಕ್ಕೆ ಯಾವ ನಾಟಕ ಅಂತ ಪಟ್ಟಿ ಮಾಡಿಟ್ಟ. ಹಡಗು ಕಟ್ಟುವವರಿಗೆ ನೋವನ ದೋಣಿ ಕಟ್ಟುವ ಕಥೆ. ಮೀನುಗಾರರಿಗೂ ನಾವಿಕರಿಗೂ ಜಲಪ್ರಳಯ. ರೊಟ್ಟಿ ಸುಡುವವರಿಗೆ ಏಸುವಿನ ಕೊನೆಯ ಊಟ. ಮೊಳೆ ಮಾಡುವವರಿಗೆ ಶಿಲುಬೆಗೆ ಏರಿಸುವ ಕಥೆ. ಅಂದಿನ ಡಂಗುರದಲ್ಲಿ ಇನ್ನೊಂದು ಮಾತಿದೆ. ಆಡುವವರೆಲ್ಲ ಬೆಳಗಿನ ನಾಲ್ಕೂವರೆಗೆ ತಮ್ಮ ಬಂಡಿಯಲ್ಲಿ ಸಿದ್ಧವಾಗಿ ಇರಬೇಕು. 1476ರಲ್ಲಿ ಮತ್ತೊಂದು ಕಟ್ಟಳೆ ಬಂತು. ಒಳ್ಳೆಯ ನಾಲ್ಕು ನಟರು ಉಳಿದವರನ್ನೆಲ್ಲ ಪರೀಕ್ಷೆ ಮಾಡಬೇಕು. ಸೊಲ್ಲು, ದನಿ, ಮೈಕಟ್ಟು ಸರಿ ಇಲ್ಲದವರನ್ನು ತೆಗೆಯಬೇಕು. ಒಬ್ಬನೇ ಎರಡಕ್ಕಿಂತ ಜಾಸ್ತಿ ನಾಟಕದಲ್ಲಿ ಆಡಿದರೆ 40 ಶಿಲಿಂಗ್ ದಂಡ. ಹಬ್ಬದ ಆಟ ಅಂತ ಸುಮ್ನೆ ಬಿಟ್ಟವರಲ್ಲ ಅವರು.

ಇನ್ನು ನನ್ನ ಮೊದಲ ತಕರಾರು. ಎಲ್ಲರಿಗೂ ಕಿವಿಗೆ ಹಾಕುವ ಒಂದು ಯಂತ್ರ ಕೊಟ್ಟರು. ನನ್ನದು ಹತ್ತು ನಿಮಿಷಕ್ಕೆ ಸತ್ತುಹೋಯಿತು. ಬದಲಿ ಇರಲಿಲ್ಲ. ಗುಂಪಿನಲ್ಲಿ ಇದ್ದವರು ಒಂಬತ್ತು ಜನ, ಅದರಲ್ಲಿ ಮೂವರದು ಕೆಟ್ಟಿತ್ತು. ಬೀದಿಯ ಗದ್ದಲದಲ್ಲಿ ಮಾತು ಕೇಳದೆ ಹೋದರೆ ಇಂಥ ನಡಿಗೆಯಲ್ಲಿ ಉಳಿಯುವುದೇನು? ಆಮೇಲೆ ಮಗಳು ಮೇಲ್ ಮಾಡಿದ್ದಕ್ಕೆ ಒಂದು ಸಾಲಿನ ಕ್ಷಮೆ ಬಂತು.

ಮೊದಲ ಕಟ್ಟೆ ಮಿಕ್ಲ್‌ಗೇಟ್ ಬೀದಿಯ ಹೋಲಿ ಟ್ರಿನಿಟಿ ಚರ್ಚ್ ಎದುರು. ಅಂದು ಅಲ್ಲಿ ಮಠದ ಹೆಬ್ಬಾಗಿಲು ಇತ್ತು, ಈಗಿಲ್ಲ. ಚರ್ಚಿನ ಅಂಗಳದಲ್ಲಿ ಮಾರ್ಗದರ್ಶಿ ನಮ್ಮಲ್ಲಿ ನಾಲ್ಕು ಜನರ ಕೈಗೆ ಒಂದೊಂದು ಹಾಳೆ ಕೊಟ್ಟರು. ಮೊಳೆ ಮಾಡುವವರ ನಾಟಕದ ನಾಲ್ಕು ಸೈನಿಕರ ಮಾತುಗಳು, ಇಂದಿನ ಇಂಗ್ಲಿಷಿಗೆ ತಂದದ್ದು. ಒಂದು ಹಾಳೆ ನನಗೂ ಬಂತು. ನಿಧಾನಕ್ಕೆ ಓದಿದೆ, ಯಾರೂ ಅವಸರ ಮಾಡಲಿಲ್ಲ.

ಇಡೀ ನಾಟಕ 300 ಸಾಲು. ಅದರಲ್ಲಿ ಏಸು ಬಾಯಿ ತೆರೆಯುವುದು ಎರಡೇ ಸಲ. ಉಳಿದದ್ದೆಲ್ಲ ನಾಲ್ಕು ಕೆಲಸಗಾರರ ಮಾತು. ಶಿಲುಬೆಯಲ್ಲಿ ಮೊದಲೇ ತೂತು ಕೊರೆದಿದ್ದಾರೆ. ಕೈ ಚಾಚಿಸಿ ನೋಡಿದರೆ ತೂತಿಗೂ ಕೈಗೂ ಒಂದಡಿಗೂ ಮೇಲೆ ಅಂತರ. ಅಳತೆ ತಪ್ಪಿದೆ. ಮತ್ತೆ ಕೊರೆಯುವುದಿಲ್ಲ. ಹಗ್ಗ ಕಟ್ಟಿ ಮೈಯನ್ನೇ ಎಳೆದು ತೂತಿಗೆ ಮುಟ್ಟಿಸುತ್ತಾರೆ. ಆಮೇಲೆ ಶಿಲುಬೆ ಎತ್ತಿ ಗುಡ್ಡಕ್ಕೆ ಒಯ್ಯಬೇಕು. ಭಾರ ತಡೆಯದೆ ನಡುವೆ ಇಳಿಸುತ್ತಾರೆ. ಹೆಗಲು ಹೋಯಿತು, ಉಸಿರು ಕಟ್ಟಿತು ಎಂದು ಗೊಣಗುತ್ತಾರೆ. ಕೊನೆಗೆ ಗುಳಿಗೆ ಇಳಿಸಿದರೆ ಗುಳಿ ಅಗಲವಾಗಿದೆ, ಕಂಬ ಅಲ್ಲಾಡುತ್ತಿದೆ. ಬೆಣೆ ತಂದು ಬಡಿಯುತ್ತಾರೆ. ಆಗ ಗಟ್ಟಿಯಾಗುತ್ತದೆ.

ನನ್ನ ಹಾಳೆಯಲ್ಲಿ ಇದ್ದದ್ದು ಆ ಬೆಣೆಯ ಮಾತು. ಓದುತ್ತಾ ನನ್ನ ಕೈ ನಡುಗಿತು. ಗುಳಿ ದೊಡ್ಡದಾಯಿತು, ಬೆಣೆ ತಾ, ಇನ್ನೊಂದು ಬಡಿ ಅಂತ ನಾನು ಎಷ್ಟು ಸಾವಿರ ಸಲ ಹೇಳಿದ್ದೇನೋ. ಟೆಂಟಿನ ಕಂಬ ನಿಲ್ಲಿಸುವಾಗ ಇದೇ ಮಾತು, ಇದೇ ಗೊಣಗಾಟ, ಇದೇ ಹೆಗಲು ನೋವು. ಆ ಬರಹಗಾರನ ಹೆಸರು ಯಾರಿಗೂ ತಿಳಿಯದು. ಆದರೆ ಅವನು ಕೆಲಸಗಾರರ ಪಕ್ಕದಲ್ಲಿ ನಿಂತು ಕೇಳಿದವನು. ಇಲ್ಲದಿದ್ದರೆ ಬೆಣೆ ಬರೆಯುತ್ತಿರಲಿಲ್ಲ. ಕೆಲಸದ ಮೇಲೆ ಕಣ್ಣಿಟ್ಟವರಿಗೆ ಕೆಳಗೆ ಮಲಗಿರುವವನು ಯಾರು ಅಂತ ಕಾಣುವುದೇ ಇಲ್ಲ. ನೋಡುವ ಜನರೂ ಕೆಲಸ ಯಾವಾಗ ಮುಗಿಯುತ್ತದೋ ಅಂತ ಕಾಯುತ್ತಾರೆ. ಶಿಲುಬೆ ಎದ್ದು ನಿಂತ ಮೇಲೆ ಏಸು ಬೀದಿಯಲ್ಲಿ ಹೋಗುವ ಎಲ್ಲರನ್ನೂ ಕರೆದು ನನ್ನನ್ನು ನೋಡಿ ಎನ್ನುತ್ತಾನೆ. ಆ ಹಾಳೆ ಓದಿದ್ದು ಒಬ್ಬ ಹುಡುಗಿ. ಅಂಗಳದಲ್ಲಿ ಒಂದು ಕ್ಷಣ ಯಾರೂ ಮಾತಾಡಲಿಲ್ಲ. ನನ್ನ ಪಾಲಿಗೆ 18 ಪೌಂಡ್ ಅಲ್ಲೇ ತೀರಿತು.

ಅಲ್ಲಿಂದ ಮಿಕ್ಲ್‌ಗೇಟ್ ಇಳಿಜಾರು. ಬೀದಿ ಬಾಗಿಕೊಂಡು ಊಸ್ ನದಿಯ ಸೇತುವೆಗೆ ಇಳಿಯುತ್ತದೆ. ನಾನು ಬೀದಿಯ ಅಂಚನ್ನೇ ನೋಡುತ್ತಾ ನಡೆದೆ. ಮೇಲೆ ಸ್ವರ್ಗ, ಕೆಳಗೆ ರಂಗ, ಒಳಗೆ ಜನ ಇರುವ ಬಂಡಿಯನ್ನು ಈ ಇಳಿಜಾರಿನಲ್ಲಿ ತಡೆದು ಇಳಿಸುವುದು ಹುಡುಗಾಟವಲ್ಲ. ನೂಕುವವರಿಗೆ ಕೂಲಿ ಕೊಟ್ಟ ಲೆಕ್ಕ ಸಂಘದ ಕಾಗದಗಳಲ್ಲಿ ಇದೆ. ನಮ್ಮ ಕಡೆ ತೇರು ಎಳೆಯುವಾಗ ಗಾಲಿಯ ಮುಂದೆ ಮರದ ಬೆಣೆ ಇಟ್ಟು ತಡೆಯುವವರು, ಹಿಂದಿನಿಂದ ಸನ್ನೆ ಹಾಕುವವರು ಬೇರೆಯೇ ಇರುತ್ತಾರೆ. ಜನರ ಕಣ್ಣು ಕಳಸದ ಮೇಲೆ, ಅವರ ಕಣ್ಣು ಗಾಲಿ ಮೇಲೆ. ಈ ಬೀದಿಯಲ್ಲೂ ಅಂಥವರು ಇದ್ದೇ ಇರಬೇಕು, ಅಲ್ವಾ? ಮಾರ್ಗದರ್ಶಿಗೆ ತೇರಿನ ವಿಷಯ ಮಗಳು ಹೇಳಿದಾಗ ಅವರು ನಿಂತು ಪುಸ್ತಕದಲ್ಲಿ ಬರೆದುಕೊಂಡರು. ಅವರ ಆ ಗುಣ ನನಗೆ ಹಿಡಿಸಿತು.

ಈಗಿರುವ ಸೇತುವೆ ಹತ್ತೊಂಬತ್ತನೇ ಶತಮಾನದ್ದು, ಹಳೆಯದಲ್ಲ. ದಾಟಿದ ಮೇಲೆ ಎಡಕ್ಕೆ ತಿರುಗಿ ಕೋನಿ ಸ್ಟ್ರೀಟ್. ಇಲ್ಲಿ ಒಂದು ಸೊಗಸಾದ ವಿಷಯ ತಿಳಿಯಿತು. ಯಾರ ಮನೆ ಮುಂದೆ ಬಂಡಿ ನಿಲ್ಲಬೇಕು ಅನ್ನುವುದಕ್ಕೆ ಮನೆಯವರು ನಗರಸಭೆಗೆ ಹಣ ಕಟ್ಟುತ್ತಿದ್ದರು. ಕಟ್ಟಿದವರು ಆಸನ ಹಾಕಿಸಿ ನೋಡಬಹುದು, ಬೇರೆಯವರನ್ನು ಕೂರಿಸಬಹುದು. ಆಮೇಲೆ ಸ್ಟೋನ್‌ಗೇಟ್. ತೀರಾ ಇಕ್ಕಟ್ಟು, ತುಂಬಾ ಜನ, ಅಂಗಡಿಗಳ ಸದ್ದು. ಅಲ್ಲಿ ಹೇಳಿದ್ದು ಒಂದೂ ಕೇಳಲಿಲ್ಲ. ದೊಡ್ಡ ಚರ್ಚ್ ಮಿನ್‌ಸ್ಟರ್‌ನ ಬಾಗಿಲ ಹತ್ತಿರ ಬಲಕ್ಕೆ ತಿರುಗಿ ಪೀಟರ್‌ಗೇಟ್ ಹಿಡಿದೆವು.

ದಾರಿಯಲ್ಲಿ ಒಂದು ಪಬ್ಬಿನ ಮುಂದೆ ನಿಲ್ಲಿಸಿ ಬೇರೆ ಬಗೆಯ ಕಿರುನಾಟಕದ ಬಗ್ಗೆ ಹೇಳಿದರು. ನಾಲ್ಕೈದು ಜನರ ತಂಡ ಊರೂರು ತಿರುಗಿ ಶ್ರೀಮಂತರ ಹಜಾರದಲ್ಲಿ, ಛತ್ರದ ಅಂಗಳದಲ್ಲಿ ಆಡುತ್ತಿದ್ದವು. ಇಂಟರ್‌ಲೂಡ್ ಅನ್ನುತ್ತಾರೆ. ಸುಮಾರು 1470ರ 'ಮ್ಯಾನ್‌ಕೈಂಡ್' ಎಂಬ ನಾಟಕದಲ್ಲಿ ಟಿಟಿವಿಲ್ಲಸ್ ಎಂಬ ದೆವ್ವ ಬರುತ್ತದೆ. ಅದು ಬರುವ ಮೊದಲೇ ಆಟ ನಿಲ್ಲಿಸುತ್ತಾರೆ. ದುಡ್ಡು ಹಾಕಿ, ಇಲ್ಲದಿದ್ದರೆ ದೆವ್ವ ಬರುವುದಿಲ್ಲ ಅಂತ ಜನರ ನಡುವೆ ವಸೂಲಿ ಮಾಡುತ್ತಾರೆ. ಟಿಕೆಟ್ ಕಿಟಕಿ ಇಲ್ಲದ ಕಾಲದಲ್ಲಿ ಹೊಟ್ಟೆ ಹೊರೆಯುವ ದಾರಿ. ಕಥೆಯ ಯಾವ ಹಂತದಲ್ಲಿ ಕೈ ಚಾಚಿದರೆ ಜನ ಕೊಡುತ್ತಾರೆ ಅಂತ ಅವರಿಗೆ ಚೆನ್ನಾಗಿ ತಿಳಿದಿತ್ತು.

ಕೊನೆಯ ಕಟ್ಟೆ ಪೇವ್‌ಮೆಂಟ್ ಎಂಬ ಜಾಗ. ಅಂದಿನ ಸಂತೆ ಬಯಲು. ಇಲ್ಲಿ ನನ್ನ ಎರಡನೇ ತಕರಾರು, ದೊಡ್ಡದು. ಹೊತ್ತು ಮೀರಿತ್ತು, ಮಾರ್ಗದರ್ಶಿಗೆ ಮುಂದಿನ ಗುಂಪು ಕಾಯುತ್ತಿತ್ತು. ಇಡೀ ಸಾಲಿನ ಕೊನೆಯ ನಾಟಕ, ಲೋಕದ ಅಂತ್ಯದ ತೀರ್ಪು, ವರ್ತಕರ ಸಂಘದ ಅತಿ ಖರ್ಚಿನ ಬಂಡಿ. ಅದಕ್ಕೆ ಸಿಕ್ಕಿದ್ದು ಐದೇ ನಿಮಿಷ. ಎರಡು ಗುಂಪಿನ ನಡುವೆ ಕಾಲು ಗಂಟೆ ಬಿಡುವು ಇಡುವುದು ಕಂಪನಿಯ ಕೆಲಸ. ತಪ್ಪು ಆ ಹೆಂಗಸಿನದಲ್ಲ. ಹೋಗುವಾಗ ಅವರು ಒಂದು ಹಾಳೆ ಕೊಟ್ಟು, "ನೀವು ರಂಗ ಕಟ್ಟುವವರು, ಇದನ್ನು ಪೂರ್ತಿ ಓದಿ" ಎಂದರು.

ಅದು 1433ರ ಪಟ್ಟಿ. ವರ್ತಕರ ಸಂಘ ತನ್ನ ಬಂಡಿಯ ಸಾಮಾನನ್ನು ಮೇಲ್ವಿಚಾರಕರ ಕೈಗೆ ಒಪ್ಪಿಸಿದಾಗ ಬರೆದ ಕರಾರು. ಮಗಳೂ ನಾನೂ ಫಾಸ್‌ಗೇಟ್ ಬೀದಿಯಲ್ಲಿರುವ ಅದೇ ಸಂಘದ ಹಳೆಯ ಮನೆಗೆ, ಮರ್ಚೆಂಟ್ ಅಡ್ವೆಂಚರರ್ಸ್ ಹಾಲ್‌ಗೆ, ಹೋಗಿ ಕುಳಿತು ಓದಿದೆವು. ಪೇವ್‌ಮೆಂಟ್‌ನಿಂದ ಎರಡು ನಿಮಿಷದ ದಾರಿ. ಇದಕ್ಕೆ ಬೇರೆ ಟಿಕೆಟ್.

ಪಟ್ಟಿ ಹೀಗಿದೆ. ನಾಲ್ಕು ಗಾಲಿಯ ಒಂದು ಬಂಡಿ. ನರಕದ ಬಾಯಿ ಒಂದು. ಮೂರು ದೆವ್ವಗಳಿಗೆ ಮೂರು ಉಡುಪು. ಮೂರು ಮುಖವಾಡದಲ್ಲಿ ಆರು ದೆವ್ವದ ಮುಖ. ತುದಿಗೆ ಕಬ್ಬಿಣ ಹಾಕಿದ ಎರಡು ಜೊತೆ ದೇವದೂತರ ರೆಕ್ಕೆ. ದೇವರಿಗೆ ಗಾಯ ಬರೆದ ಅಂಗಿ, ಚಿನ್ನದ ಬಣ್ಣದ ಮುಖವಾಡ. ಬಂಡಿಯ ಬೆನ್ನಿಗೆ ಚಿತ್ರ ಬರೆದ ಕೆಂಪು ರೇಷ್ಮೆಯ ದೊಡ್ಡ ಪರದೆ. ಮರದ ಕಾಮನಬಿಲ್ಲಿನ ಎರಡು ತುಂಡು. ಸ್ವರ್ಗ ಹೊರಲು ನಾಲ್ಕು ಕಬ್ಬಿಣದ ಕಂಬಿ. ಸ್ವರ್ಗದಲ್ಲಿ ಓಡಾಡಲು ಕೆಂಪು ಬಣ್ಣದ ಒಂಬತ್ತು ಸಣ್ಣ ದೇವದೂತರ ಬೊಂಬೆ. ಅವುಗಳನ್ನು ಓಡಿಸಲು ಒಂದು ಉದ್ದನೆಯ ಸಣ್ಣ ಹುರಿ. ಬಂಡಿ ನೂಕಲು ಮರದ ಎರಡು ಗಿಡ್ಡ ಉರುಳೆ. ಇದು ಸನ್ನೆಯ ಕೆಲಸಕ್ಕೇ ಅಂತ ನನ್ನ ಊಹೆ.

ನಾನು ಬೆರಳಿಟ್ಟು ಮತ್ತೆ ಮತ್ತೆ ಓದಿದ್ದು ಒಂದು ಸಾಲು. ದೇವರು ಸ್ವರ್ಗಕ್ಕೆ ಹಾರುವಾಗ ಕೂರುವ ಕಬ್ಬಿಣದ ಚೌಕಟ್ಟು, ನಾಲ್ಕು ಮೂಲೆಗೆ ನಾಲ್ಕು ಹಗ್ಗ. ನಾಲ್ಕು ಮೂಲೆಗೆ! ಒಂದೇ ಹಗ್ಗದಲ್ಲಿ ಮನುಷ್ಯನನ್ನು ಮೇಲೆ ಎಳೆದರೆ ಅವನು ಬುಗುರಿಯಂತೆ ತಿರುಗುತ್ತಾನೆ. ನಾನು ಕೆಲಸ ಕಲಿಯುತ್ತಿದ್ದಾಗ ಒಂದು ಕಂಪನಿಯಲ್ಲಿ ನಾರದನನ್ನು ಒಂದೇ ಹಗ್ಗದಲ್ಲಿ ಇಳಿಸಿದರು. ನಡುವೆ ತಿರುಗಿ ತಲೆಸುತ್ತು ಬಂದು ನಟ ಕೈ ಬಿಟ್ಟ. ಕಾಲು ಮುರಿಯಿತು. ಅಂದಿನಿಂದ ನಾಲ್ಕು ಮೂಲೆಗೂ ಹಗ್ಗ ಇಲ್ಲದೆ ನಾನು ಯಾರನ್ನೂ ಮೇಲೆ ಎತ್ತಿಲ್ಲ. ಆ ಪಾಠ ಈ ಯಾರ್ಕ್‌ನವರಿಗೆ 1433ಕ್ಕೇ ಗೊತ್ತಿತ್ತು. ಗೊತ್ತಿದ್ದದ್ದಷ್ಟೇ ಅಲ್ಲ, ಹಗ್ಗ ಎಷ್ಟು ಅಂತ ಬರೆದಿಟ್ಟರು. ನನ್ನ ಹತ್ತಿರವೂ ಇಂಥದೇ ವಹಿ ಇತ್ತು. ಪರದೆ ಇಷ್ಟು, ರಾಟೆ ಇಷ್ಟು, ಹಗ್ಗ ಇಷ್ಟು. ಲಾರಿ ಹೊರಡುವ ಮೊದಲು ಒಂದೊಂದಕ್ಕೂ ಗುರುತು ಹಾಕದೆ ಬಿಡುತ್ತಿರಲಿಲ್ಲ.

ಹಾಲ್ ಬಗ್ಗೆ ಹೇಳಬೇಕು. 1357ರಿಂದ 1361ರ ನಡುವೆ ಕಟ್ಟಿದ್ದು. ಮೇಲಿನ ಹಜಾರ ಪೂರ್ತಿ ಮರದ ಚೌಕಟ್ಟು. ಅಷ್ಟು ಅಗಲಕ್ಕೆ ಒಂದೇ ತೊಲೆ ಸಿಗದು. ಅದಕ್ಕೆ ನಡುವೆ ಸಾಲು ಕಂಬ ಕೊಟ್ಟು ಎರಡು ಮಾಡು ಮಾಡಿದ್ದಾರೆ. ಕೆಳಗಿನ ಅಂತಸ್ತು ಬಡವರ ಆಸ್ಪತ್ರೆಯಾಗಿತ್ತು, ಪಕ್ಕದಲ್ಲಿ ಪೂಜೆಯ ಕೋಣೆ. ಕಂಬವನ್ನು ಕೈಯಲ್ಲಿ ಮುಟ್ಟಿ ನೋಡಿ, ಒಂದೊಂದು ಕೀಲೂ ಕಾಣುತ್ತದೆ. ಸಮಯ ಕಡಿಮೆ ಇದ್ದರೆ ಊರಿನ ಬೇರೆ ಏನಾದರೂ ಬಿಡಿ, ಇದನ್ನು ಬಿಡಬೇಡಿ.

ಮೂರನೇ ತಕರಾರು ಕಂಪನಿಯ ಕರಪತ್ರದ ಮೇಲೆ. "ನಿಜವಾದ ರಂಗಮಂದಿರಗಳು ಬರುವ ಮುಂಚಿನ ಒರಟು ಆರಂಭ" ಎಂಬ ಅರ್ಥದ ಮಾತು ಅದರಲ್ಲಿದೆ. ಇದು ನನಗೆ ನೋವು ಕೊಟ್ಟಿತು. ಸುಮಾರು ಇನ್ನೂರು ವರ್ಷ ನಡೆದದ್ದು ಆರಂಭ ಹೇಗಾಗುತ್ತದೆ? ಕಳಚಿ ಇಡುವ ರಂಗ ಅರ್ಧ ರಂಗ ಅಂತ ಹೇಳುವವರನ್ನು ಊರಲ್ಲೂ ನೋಡಿದ್ದೇನೆ. ಕಾಂಕ್ರೀಟ್ ಕಟ್ಟಡದಲ್ಲಿ ಆಡಿದರೆ ಕಲೆ, ತಗಡಿನ ಟೆಂಟಿನಲ್ಲಿ ಆಡಿದರೆ ಜಾತ್ರೆ ಆಟ ಅನ್ನುತ್ತಾರೆ. ಯಾರ್ಕ್‌ನ ಬಂಡಿಗಳು ನಿಂತದ್ದು ಕೆಲಸ ಒರಟಾಗಿತ್ತು ಅಂತಲ್ಲ. ಧರ್ಮದ ಗಾಳಿ ಬದಲಾಯಿತು, ಹೊಸ ಚರ್ಚಿನ ದೊಡ್ಡವರಿಗೆ ಹಳೆಯ ನಾಟಕ ಬೇಡವಾಯಿತು. 1569ರ ಆಟ ಕೊನೆಯದಾಯಿತು. ಜನ ಆಮೇಲೂ ಬೇಕು ಅಂತ ಕೇಳಿದರು.

ಲಂಡನ್ನಿನಲ್ಲಿ ಆಗಿನ್ನೂ ಕಟ್ಟಡಗಳು ಏಳತೊಡಗಿದ್ದವು. 1567ರಲ್ಲಿ ಜಾನ್ ಬ್ರೇನ್ ಎಂಬ ದಿನಸಿ ವ್ಯಾಪಾರಿ ರೆಡ್ ಲಯನ್ ಎಂಬ ಜಾಗದಲ್ಲಿ ಆಟದ ಮನೆ ಕಟ್ಟಿಸಿದ. ರಂಗ 40 ಅಡಿಗೆ 30 ಅಡಿ, ನೆಲದಿಂದ 5 ಅಡಿ ಎತ್ತರ. ಈ ಅಳತೆ ಇವತ್ತು ನಮಗೆ ಗೊತ್ತಿರುವುದು ಅವನಿಗೂ ಬಡಗಿಗಳಿಗೂ ಜಗಳ ಹತ್ತಿದ್ದರಿಂದ. 1576ರಲ್ಲಿ 'ದಿ ಥಿಯೇಟರ್' ಎದ್ದಿತು. ಕಟ್ಟಿಸಿದ ಜೇಮ್ಸ್ ಬರ್ಬೇಜ್ ನಟ, ಅದಕ್ಕಿಂತ ಮೊದಲು ಮರಗೆಲಸದವನು. ಇಪ್ಪತ್ತೆರಡು ವರ್ಷದ ಮೇಲೆ, 1598ರ ಡಿಸೆಂಬರ್‌ನಲ್ಲಿ, ಆ ಕಾಯಂ ರಂಗಮಂದಿರವನ್ನೂ ಪೀಟರ್ ಸ್ಟ್ರೀಟ್ ಎಂಬ ಬಡಗಿ ತನ್ನ ಆಳುಗಳೊಂದಿಗೆ ಕಳಚಿದ. ಆ ಮರವೇ ಥೇಮ್ಸ್ ನದಿಯ ಆಚೆ ದಡದಲ್ಲಿ ಶೇಕ್ಸ್‌ಪಿಯರನ ನಾಟಕ ಆಡಿದ ಗ್ಲೋಬ್ ರಂಗಮಂದಿರ ಆಯಿತು.

ಹೋಗುವವರಿಗೆ ಎರಡು ಮಾತು. ಬೆಳಗಿನ ಮೊದಲ ಗುಂಪಿಗೇ ಹೋಗಿ, ಬೀದಿಗಳು ಖಾಲಿ ಇರುತ್ತವೆ. ಯಂತ್ರ ಕೊಟ್ಟ ಕೂಡಲೇ ಹಾಕಿಕೊಂಡು ಪರೀಕ್ಷೆ ಮಾಡಿ. ಬೀದಿಗೆ ಕಲ್ಲು ಹಾಸಿದೆ, ಮೊಣಕಾಲು ನೋವು ಇರುವವರು ಮೆತ್ತನೆಯ ಬೂಟು ಹಾಕಿಕೊಳ್ಳಿ. ಓದುವ ಹಾಳೆ ನಿಮ್ಮ ಕೈಗೆ ಬಂದರೆ ಇಂಗ್ಲಿಷ್ ಬರುವುದಿಲ್ಲ ಅಂತ ಹಿಂದೆ ಸರಿಯಬೇಡಿ. 1433ರ ಪಟ್ಟಿಯನ್ನು ಕೇಳಿ ಪಡೆಯಿರಿ, ಅವರಾಗಿ ಎಲ್ಲರಿಗೂ ಕೊಡುವುದಿಲ್ಲ. ನನ್ನದು ಈಗ ಮನೆಯಲ್ಲಿ ಆ ಹಳೆಯ ವಹಿಯ ಒಳಗೆ, ಹಗ್ಗದ ಲೆಕ್ಕ ಬರೆದ ಪುಟದಲ್ಲಿ ಇದೆ.